ಸೂರಿಲ್ಲದವರು ಬಣ್ಣ ಹಚ್ಚಿದಾಗ

ಹೊಸೂರು, ಡೆಂಕಣಿಕೋಟೆ, ತಳಿ ಸೀಮೆಯಿಂದ ಹಿಡಿದು ಕೃಷ್ಣಗಿರಿ, ಧರ್ಮಪುರಿಯವರೆಗೆ ದ್ರೌಪದಿ ಅಮ್ಮನ ಗುಡಿಗಳ ಮುಂದೆ ಭಾರತದ ಆಟ ನಡೆಯುತ್ತದೆ. ತಮಿಳರು ಇದನ್ನು ತೆರುಕೂತ್ತು ಎನ್ನುತ್ತಾರೆ. ಅರ್ಜುನನ ತಪಸ್ಸಿನ ದಿನ ವೇಷಧಾರಿ ಎತ್ತರದ ಕಂಬ ಹತ್ತಿ ಮೇಲಿಂದ ನಿಂಬೆಹಣ್ಣು ಎಸೆಯುತ್ತಾನೆ. ಮಕ್ಕಳಾಗಲೆಂದು ಹರಕೆ ಹೊತ್ತ ಹೆಂಗಸರು ಕೆಳಗೆ ಸೆರಗೊಡ್ಡಿ ನಿಂತಿರುತ್ತಾರೆ. ಕೊನೆಗೆ ಬಯಲಿನಲ್ಲಿ ಮಣ್ಣಿನ ದುರ್ಯೋಧನ ಉದ್ದಕ್ಕೆ ಮಲಗುತ್ತಾನೆ. ಅರಗಿನ ಮನೆ ಸುಟ್ಟು ದಿಕ್ಕೆಟ್ಟವರು, ಜೂಜಿನಲ್ಲಿ ಸೋತು ಹನ್ನೆರಡು ವರ್ಷ ಕಾಡುಪಾಲಾದವರು, ಹದಿಮೂರನೆಯ ವರ್ಷ ಹೆಸರು ಮರೆಸಿ ಪರರ ಮನೆಯಲ್ಲಿ ಚಾಕರಿ ಮಾಡಿದವರು: ಊರು ರಾತ್ರಿಯಿಡೀ ಎಚ್ಚರವಿದ್ದು ನೋಡುವುದು ಇವರ ಕಥೆಯನ್ನೇ. ಹರಿಶ್ಚಂದ್ರನ ಆಟವಾದರೆ ಇನ್ನೂ ಕಠೋರ. ಸತ್ತ ಮಗನನ್ನು ಹೊತ್ತು ತಂದ ಹೆಂಡತಿಯಲ್ಲೇ ಸುಡುಗಾಡಿನ ಸುಂಕ ಕೇಳಬೇಕಾದ ಗತಿ ಆ ರಾಜನದು. ಆ ಘಟ್ಟಕ್ಕೆ ಬಂದಾಗ ಅಳದ ಸಭೆಯಿಲ್ಲ.

ಅದೇ ಗುಡಿಯ ಮಂಟಪದಲ್ಲಿ ದಿನವೂ ಮಲಗುವವರ ಕಥೆ ಮಾತ್ರ ಆಟವಾಗುವುದಿಲ್ಲ. ಜನಗಣತಿ ‘ವಸತಿರಹಿತರು’ ಎಂದು ಎಣಿಸುವಾಗ ಹುಡುಕುವ ತಾಣಗಳಲ್ಲಿ ರಸ್ತೆಬದಿ, ಮೇಲ್ಸೇತುವೆಯ ಅಡಿ, ರೈಲ್ವೆ ಪ್ಲಾಟ್‌ಫಾರಂ, ಹ್ಯೂಮ್ ಪೈಪುಗಳ ಜೊತೆಗೆ ಮಂಟಪವೂ ಇದೆ. 2011ರ ಎಣಿಕೆಯಲ್ಲಿ ದೇಶದಲ್ಲಿ ಇಂಥವರು 17 ಲಕ್ಷ 70 ಸಾವಿರಕ್ಕೂ ಹೆಚ್ಚು. ಕರ್ನಾಟಕದಲ್ಲಿ 76 ಸಾವಿರದ ಮೇಲೆ, ತಮಿಳುನಾಡಿನಲ್ಲಿ ಸುಮಾರು 51 ಸಾವಿರ. ಇವರೇ ಬಣ್ಣ ಹಚ್ಚಿ ಎದುರು ನಿಂತರೆ ಏನಾಗುತ್ತದೆ? ಕಳೆದ ನಾಲ್ಕು ದಶಕಗಳಲ್ಲಿ ಈ ಪ್ರಶ್ನೆಯ ಸುತ್ತ ಜಗತ್ತಿನಲ್ಲಿ ಒಂದು ರಂಗಭೂಮಿಯೇ ಬೆಳೆದಿದೆ. ಅದರ ಬೇರು ನಮ್ಮಲ್ಲೂ ಇತ್ತು, ಅದನ್ನು ಕಿತ್ತವರು ನಾವೇ ಎಂಬುದು ನನ್ನ ಖಚಿತ ಅಭಿಪ್ರಾಯ.

ಕನ್ನಡ ನಾಡಿನ ಹಳೆಯ ವೃತ್ತಿ ಕಲಾವಿದರಲ್ಲಿ ಅನೇಕರಿಗೆ ಮನೆಯೇ ಇರಲಿಲ್ಲ. ಬುಡ್ಗ ಜಂಗಮರು ಹಗಲುವೇಷ ಹಾಕಿ ಬಾಗಿಲಿಂದ ಬಾಗಿಲಿಗೆ ಹೋದರು. ಕಿಳ್ಳೇಕ್ಯಾತರು ತೊಗಲುಗೊಂಬೆಯ ಪೆಟ್ಟಿಗೆ ಹೊತ್ತು ಊರೂರು ತಿರುಗಿದರು. ಸುಡುಗಾಡು ಸಿದ್ಧರು ಕೈಚಳಕ ತೋರಿಸಿ ಕಾಳುಕಡಿ ಪಡೆದರು. ಊರಾಚೆಯ ಗುಡಾರವೇ ಇವರ ಬಿಡಾರ, ರಂಗಸಜ್ಜಿಕೆಯ ಉಗ್ರಾಣ. ಅಲೆಮಾರಿಗಳೆಂದರೆ ಅನುಮಾನಪಡುವ ಬ್ರಿಟಿಷ್ ಸರ್ಕಾರ 1871ರಲ್ಲಿ ತಂದ ‘ಅಪರಾಧಿ ಬುಡಕಟ್ಟು’ ಕಾಯ್ದೆ 1911ರ ಹೊತ್ತಿಗೆ ಮದ್ರಾಸ್ ಪ್ರಾಂತಕ್ಕೂ ಹಬ್ಬಿತು. ಹೊಸೂರು, ಕೃಷ್ಣಗಿರಿ ಆಗ ಆ ಪ್ರಾಂತದ ಸೇಲಂ ಜಿಲ್ಲೆಯಲ್ಲಿದ್ದವು. ಆ ಕಾಯ್ದೆ 1952ರಲ್ಲಿ ರದ್ದಾಯಿತು, ಅನುಮಾನ ಉಳಿಯಿತು. ಮದ್ರಾಸಿನಲ್ಲಿ 1945ರಲ್ಲೇ ಭಿಕ್ಷಾಟನೆ ತಡೆ ಕಾಯ್ದೆ ಬಂದಿತ್ತು. 1959ರ ಬೊಂಬಾಯಿ ಕಾಯ್ದೆಯಂತೂ ಹಾಡುವುದು, ಕುಣಿಯುವುದು, ಶಕುನ ಹೇಳುವುದು, ಪ್ರದರ್ಶನ ನೀಡುವುದು ಇವುಗಳ ನೆಪದಲ್ಲಿ ಕಾಸು ಪಡೆಯುವುದನ್ನೂ ಭಿಕ್ಷೆ ಎಂದೇ ಬರೆಯಿತು. ದೆಹಲಿಗೂ ಅನ್ವಯವಾಗಿದ್ದ ಆ ಕಾಯ್ದೆಯ ಹಲವು ಕಲಮುಗಳನ್ನು 2018ರಲ್ಲಿ ಅಲ್ಲಿನ ಹೈಕೋರ್ಟ್ ಅಸಿಂಧುಗೊಳಿಸಿತು. ಕರ್ನಾಟಕದ ಭಿಕ್ಷಾಟನೆ ನಿಷೇಧ ಕಾಯ್ದೆ 1975ರದು. ಅದಕ್ಕೆಂದೇ ಆಸ್ತಿ ತೆರಿಗೆಯ ಮೇಲೆ ಶೇ 3ರಷ್ಟು ಕರ ವಸೂಲಾಗುತ್ತದೆ. ಹೀಗೆ ನಡೆಯುವ ಬೆಂಗಳೂರಿನ ಮಾಗಡಿ ರಸ್ತೆಯ ನಿರಾಶ್ರಿತರ ಪರಿಹಾರ ಕೇಂದ್ರದಲ್ಲಿ 2010ರ ಆಗಸ್ಟಿನಲ್ಲಿ ಕೆಲವೇ ದಿನಗಳೊಳಗೆ ಹತ್ತಾರು ಮಂದಿ ಸತ್ತರು. ಕಲೆಯಿಂದ ಹೊಟ್ಟೆ ಹೊರೆಯುತ್ತಿದ್ದವರನ್ನು ಭಿಕ್ಷುಕರೆಂದು ಕರೆದ ಮೇಲೆ ಅವರ ರಂಗಭೂಮಿ ಉಳಿಯುವ ಬಗೆಯಾದರೂ ಯಾವುದು?

ಆ 1975ರಲ್ಲೇ ಬೆಂಗಳೂರಿನಲ್ಲಿ ‘ಸಮುದಾಯ’ ರಂಗತಂಡ ಹುಟ್ಟಿತು. ಬಿಹಾರದ ಬೆಲ್ಚಿಯಲ್ಲಿ ದಲಿತರನ್ನು ಸುಟ್ಟ ಘಟನೆಯನ್ನು ಅದು ಬೀದಿಗೆ ತಂದು ಆಡಿತು, ಜಾಥಾ ಹೋಯಿತು, ನೆಲವಿಲ್ಲದವರ ಮಾತಾಡಿತು. ಅದರ ಋಣ ದೊಡ್ಡದು. ಆದರೂ ಆಡಿದವರಲ್ಲಿ ಹೆಚ್ಚಿನವರು ಸೂರುಳ್ಳ, ಓದಿದ ತರುಣರು.

ಆಟ ನೋಡುವವನನ್ನೇ ಆಡುವವನನ್ನಾಗಿಸುವ ದಾರಿ ತೋರಿದ್ದು ಬ್ರೆಜಿಲ್‌ನ ಆಗಸ್ಟೊ ಬೋಲ್. 1971ರಲ್ಲಿ ಸೇನಾ ಸರ್ಕಾರ ಅವನನ್ನು ಬಂಧಿಸಿತು, ಆಮೇಲೆ ದೇಶ ಬಿಡಬೇಕಾಯಿತು. ದಮನಿತರ ರಂಗಭೂಮಿಯ ಬಗೆಗಿನ ಅವನ ಪುಸ್ತಕ ಬಂದದ್ದು 1974ರಲ್ಲಿ. ಅವನ ‘ಫೋರಂ’ ನಾಟಕದ ಕ್ರಮ ಸರಳ. ಒಬ್ಬಾತ ರಾತ್ರಿ ಆಶ್ರಯ ಕೇಂದ್ರದ ಬಾಗಿಲಿಗೆ ಬರುತ್ತಾನೆ ಎನ್ನಿ. ಕಾವಲುಗಾರ ಆಧಾರ್ ಕೇಳುತ್ತಾನೆ, ಚೀಲ ಕಳುವಾಗಿದೆ, ಕಾರ್ಡೂ ಹೋಗಿದೆ, ಬಾಗಿಲು ಮುಚ್ಚುತ್ತದೆ. ನಾಟಕ ಸೋಲಿನಲ್ಲಿ ಮುಗಿಯುತ್ತದೆ. ಕೂಡಲೇ ಅದನ್ನೇ ಮತ್ತೆ ಮೊದಲಿಂದ ಆಡುತ್ತಾರೆ. ಈ ಸಲ ನೋಡುತ್ತಿದ್ದವರಲ್ಲಿ ಯಾರಾದರೂ ‘ನಿಲ್ಸಿ’ ಎನ್ನಬಹುದು, ಎದ್ದು ಬಂದು ಆ ಪಾತ್ರದ ಜಾಗದಲ್ಲಿ ನಿಂತು ಬೇರೆ ದಾರಿ ಹುಡುಕಬಹುದು. ಕಾವಲುಗಾರನ ಪಾತ್ರಧಾರಿ ಸುಲಭಕ್ಕೆ ಸೋಲುವಂತಿಲ್ಲ. ನಡುವೆ ನಿಂತು ಆಟ ಸಾಗಿಸುವವನನ್ನು ಬೋಲ್ ಜೋಕರ್ ಎಂದ. ನಮ್ಮ ಬಯಲಿಗೆ ಇದು ಹೊಸದೇನಲ್ಲ. ತೆರುಕೂತ್ತಿನ ಕಟ್ಟಿಯಕ್ಕಾರನ್, ಮೂಡಲಪಾಯದ ಹನುಮನಾಯಕ ರಾಜನಿಗೂ ಜನಕ್ಕೂ ನಡುವೆ ನಿಂತು, ರಾಜನನ್ನು ಕೆಣಕಿ ಊರಿನ ಮಾತನ್ನು ಕಥೆಯೊಳಗೆ ತರುವ ಕೆಲಸವನ್ನು ಬಹುಕಾಲದಿಂದ ಮಾಡುತ್ತಿದ್ದಾರೆ.

1985 ಈ ಕ್ಷೇತ್ರದ ಮಹತ್ವದ ವರ್ಷ. ಲಾಸ್ ಏಂಜಲೀಸಿನ ಸ್ಕಿಡ್ ರೋ ಎಂಬ, ಬೀದಿಯಲ್ಲೇ ಬಾಳುವವರ ಕೇರಿಯಲ್ಲಿ ಜಾನ್ ಮಾಲ್ಪೀಡ್ ಅಲ್ಲಿಯವರನ್ನೇ ಕಟ್ಟಿಕೊಂಡು ತಂಡ ಮಾಡಿದ. ಅದೇ ವರ್ಷ ಬಂಗಾಳದ ಸುಂದರಬನದಲ್ಲಿ ಸಂಜಯ್ ಗಂಗೂಲಿ ‘ಜನ ಸಂಸ್ಕೃತಿ’ ಶುರುಮಾಡಿದರು. ಬೋಲ್‌ನ ಕ್ರಮವನ್ನು ಹಳ್ಳಿಯ ಕೂಲಿಗಳ ಕೈಗೆ ಕೊಟ್ಟ ತಂಡವದು. 1991ರಲ್ಲಿ ಬೋಲ್‌ನ ಅನುವಾದಕ ಏಡ್ರಿಯನ್ ಜಾಕ್ಸನ್ ಲಂಡನ್ನಿನಲ್ಲಿ ‘ಕಾರ್ಡ್‌ಬೋರ್ಡ್ ಸಿಟಿಜನ್ಸ್’ ಕಟ್ಟಿದ. ಮನೆ ಕಳಕೊಂಡ ಅನುಭವವುಳ್ಳ ನಟರು ಹಾಸ್ಟೆಲುಗಳಲ್ಲಿ ಫೋರಂ ನಾಟಕ ಆಡಿದರು. 2006ರಲ್ಲಿ ಅವರು ರಾಯಲ್ ಶೇಕ್ಸ್‌ಪಿಯರ್ ಕಂಪನಿಯ ಜೊತೆ ‘ಟೈಮನ್ ಆಫ್ ಅಥೆನ್ಸ್’ ಆಡಿದರು. ದಾನ ಮಾಡಿಯೇ ದಿವಾಳಿಯಾಗಿ ಕಾಡು ಸೇರಿದ ಸಿರಿವಂತನ ಕಥೆ ಅದು. ಹರಿಶ್ಚಂದ್ರನನ್ನು ಬಲ್ಲ ನಮಗೆ ಆ ಆಯ್ಕೆಯ ಅರ್ಥ ಬಿಡಿಸಿ ಹೇಳಬೇಕಿಲ್ಲ.

ನಮ್ಮ ನೆಲದಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವೆನಿಸುವುದು ಅಹಮದಾಬಾದಿನ ‘ಬುಧನ್ ಥಿಯೇಟರ್’. 1998ರಲ್ಲಿ ಪುರುಲಿಯಾದ ಬುಧನ್ ಸಬರ್ ಪೊಲೀಸ್ ವಶದಲ್ಲಿ ಸತ್ತ. ಮಹಾಶ್ವೇತಾ ದೇವಿ, ಗಣೇಶ ದೇವಿ ದನಿ ಎತ್ತಿದರು. ಅದೇ ವರ್ಷ ಛಾರಾನಗರದ ತರುಣರು, ತಾವೂ ಅಪರಾಧಿ ಬುಡಕಟ್ಟಿನ ಹಣೆಪಟ್ಟಿ ಹೊತ್ತವರೇ, ಆ ಸಾವನ್ನು ನಾಟಕ ಮಾಡಿದರು. ದಕ್ಷಿಣ ಬಜರಂಗೆ ಬರೆದ ಆ ‘ಬುಧನ್’ ಅಲೆಮಾರಿಗಳ ರಂಗಭೂಮಿಯನ್ನು ಅವರ ಕೈಗೇ ಮರಳಿಸಿತು.

ಹೊಸೂರಿಗೆ ತೀರ ಹತ್ತಿರದ ಉದಾಹರಣೆ ಬೆಂಗಳೂರಿನದೇ. ನಾಮಕ್ಕಲ್ ಕಡೆಯ ಹಳ್ಳಿಯಿಂದ ಮನೆ ಬಿಟ್ಟು ಬಂದು ಬೆಂಗಳೂರಿನಲ್ಲಿ ಬದುಕು ಕಟ್ಟಿಕೊಂಡ, ಲಿಂಗತ್ವ ಅಲ್ಪಸಂಖ್ಯಾತರಾದ ಎ. ರೇವತಿಯವರ ಆತ್ಮಕಥೆಯನ್ನು ದು. ಸರಸ್ವತಿ ಕನ್ನಡಕ್ಕೆ ತಂದರು. ಹೆಗ್ಗೋಡಿನ ‘ಜನಮನದಾಟ’ ತಂಡಕ್ಕಾಗಿ ಎಂ. ಗಣೇಶ್ ಅದನ್ನು ‘ಬದುಕು ಬಯಲು’ ನಾಟಕವಾಗಿಸಿದರು. ಆಮೇಲೆ ‘ಪಯಣ’ ಸಂಸ್ಥೆಯ ‘ತಲ್ಕಿ’ಯಲ್ಲಿ ಹಿರಿಯ ಲಿಂಗತ್ವ ಅಲ್ಪಸಂಖ್ಯಾತರು ತಮ್ಮ ಕಥೆಯನ್ನು ತಾವೇ ಆಡಿದರು. ನಿರ್ದೇಶಿಸಿದವರು ಚೆನ್ನೈನ ಶ್ರೀಜಿತ್ ಸುಂದರಂ. ಅವರ ತಂಡದ ಹೆಸರು ‘ಕಟ್ಟಿಯಕ್ಕಾರಿ’. ಹೆತ್ತ ಮನೆಯಿಂದ ಹೊರದಬ್ಬಿಸಿಕೊಂಡು, ಬಾಡಿಗೆ ಮನೆಯೂ ಸಿಗದೆ ಅಲೆದವರು ಆ ಸಮುದಾಯದಲ್ಲಿ ಎಷ್ಟೋ ಜನ. ಗಡಿಯ ಎರಡೂ ಕಡೆಯ ರಂಗಭೂಮಿ ಸೇರಿದರೆ ಏನು ಸಾಧ್ಯ ಎಂಬುದನ್ನು ಈ ಕೆಲಸ ತೋರಿಸಿದೆ.

ಇದರ ಎದುರು, ಯೋಜನೆಯ ಹಣಕ್ಕೆಂದು ಒಂದು ದಿನ ಬಂದು ಡೋಲು ಬಡಿದು ಹೋಗುವ ‘ಜಾಗೃತಿ ಬೀದಿನಾಟಕ’ಗಳನ್ನು ನಾನು ಈ ಕ್ಷೇತ್ರಕ್ಕೆ ಸೇರಿಸಲಾರೆ. ಅವು ಸೂರಿಲ್ಲದವರಿಗೆ ಬುದ್ಧಿ ಹೇಳುತ್ತವೆ, ಅವರ ಒಂದು ಮಾತನ್ನೂ ಕೇಳಿಸಿಕೊಳ್ಳುವುದಿಲ್ಲ. ನಿಜವಾಗಿ ಕಟ್ಟಲು ಹೊರಟರೆ ಎದುರಾಗುವ ತೊಡಕುಗಳೇ ಬೇರೆ. ತಾಲೀಮಿಗೆ ಬಂದವರ ಅಂದಿನ ಕೂಲಿ ತಪ್ಪುತ್ತದೆ, ಅದನ್ನು ತಂಡ ಕೊಡಬೇಕು. ವೇಷದ ಬಟ್ಟೆ ಇಡಲು ಬೀಗವಿರುವ ಜಾಗ ಬೇಕು. ಇವತ್ತು ಇದ್ದವರು ನಾಳೆ ಇನ್ನೊಂದು ಊರಿನ ಕೆಲಸಕ್ಕೆ ಹೋಗಿರಬಹುದು, ಆದ್ದರಿಂದ ಒಂದೊಂದು ಪಾತ್ರವನ್ನು ಇಬ್ಬರು ಮೂವರು ಕಲಿತಿರಬೇಕು. ಹಲವು ವೇಷ ಬಲ್ಲ ಕೂತ್ತಿನ ಕಲಾವಿದರಿಗೆ ಇದನ್ನು ಕಲಿಸಬೇಕಿಲ್ಲ. ಪ್ರತಿ ಲಕ್ಷ ಜನಸಂಖ್ಯೆಗೆ ಒಂದರಂತೆ, ವರ್ಷವಿಡೀ ತೆರೆದಿರುವ ಆಶ್ರಯ ಕೇಂದ್ರಗಳಿರಬೇಕೆಂದು ಸುಪ್ರೀಂ ಕೋರ್ಟ್ 2010ರಲ್ಲೇ ಹೇಳಿದೆ. ಸಿಪ್‌ಕಾಟ್ ಕಾರ್ಖಾನೆಗಳಿಗೆ ಎಲ್ಲೆಲ್ಲಿಂದಲೋ ಕೂಲಿಗಳು ಬಂದಿಳಿಯುವ, 2019ರಲ್ಲಿ ಮಹಾನಗರ ಪಾಲಿಕೆಯೂ ಆದ ಹೊಸೂರಿಗೆ ಈ ಮಾತು ಚೆನ್ನಾಗಿ ಅನ್ವಯಿಸುತ್ತದೆ. ಅಂಥ ಕೇಂದ್ರದ ಒಂದು ಕೋಣೆ ಸಂಜೆಯ ತಾಲೀಮಿಗೆ ಸಾಲುತ್ತದೆ.

ಬೆಂಗಳೂರಿನ ರಂಗಕರ್ಮಿಗಳಲ್ಲಿ, ಈ ಸೀಮೆಯ ಕೂತ್ತಿನ ವಾದ್ಯಾರರಲ್ಲಿ, ಹೊಸೂರಿನ ಕನ್ನಡ, ತಮಿಳು, ತೆಲುಗು ಸಂಘಗಳಲ್ಲಿ ನನ್ನ ವಿನಂತಿ ಇಷ್ಟು. ಮುಂದಿನ ಭಾರತದ ಆಟಕ್ಕೆ ಮುಂಚೆ ಒಮ್ಮೆ ಮಂಟಪದಲ್ಲಿ ಮಲಗುವವರ ಜೊತೆ ಕೂತು ಮಾತಾಡಿ. ಒಪ್ಪಿದವರಿಗೆ ದಿನಗೂಲಿ ಕೊಟ್ಟು ಪಾತ್ರ ಕೊಡಿ. ಉಳಿದ ಕಲಾವಿದರ ಹೆಸರಿನ ಸಾಲಿನಲ್ಲೇ ಅವರ ಹೆಸರನ್ನೂ ಹಾಕಿಸಿ.