ಗುಳೆ ಮತ್ತು ಕ್ಯಾಂಪು: ಬಳ್ಳಾರಿ ಸೀಮೆಯ ವಲಸೆಯ ಚರಿತ್ರೆ

ಹೊಟ್ಟೆಪಾಡಿಗಾಗಿ ಊರು ಬಿಡುವುದನ್ನು ಬಳ್ಳಾರಿ ಸೀಮೆಯ ಜನ ‘ಗುಳೆ ಹೋಗುವುದು’ ಎನ್ನುತ್ತಾರೆ. ಹೊರಗಿನಿಂದ ಬಂದ ರೈತರು ನೆಲೆನಿಂತ ಹಳ್ಳಿಗೆ ‘ಕ್ಯಾಂಪು’ ಎಂದು ಹೆಸರು. ಈ ಎರಡು ಪದಗಳ ನಡುವೆ ಒಂದೂವರೆ ಶತಮಾನದ ವಲಸೆಯ ಚರಿತ್ರೆಯಿದೆ. ಬಳ್ಳಾರಿ, ಕುರುಗೋಡು, ಸಿರುಗುಪ್ಪಗಳನ್ನು ಒಟ್ಟಿಗೆ ಇಟ್ಟು ನೋಡಿದರೆ, ಜನರ ಚಲನೆಯ ದಿಕ್ಕನ್ನು ನಿರ್ಣಯಿಸಿದ್ದು ನೀರು ಮತ್ತು ಅದನ್ನು ಹಂಚಿದ ನೀತಿ ಎಂಬುದು ಸ್ಪಷ್ಟವಾಗುತ್ತದೆ.

1800ರಲ್ಲಿ ನಿಜಾಮನಿಂದ ಈಸ್ಟ್ ಇಂಡಿಯಾ ಕಂಪನಿಯ ವಶಕ್ಕೆ ಬಂದ ಈ ಪ್ರದೇಶವು ಎರೆಭೂಮಿಯ ಮಳೆಯಾಶ್ರಿತ ಬೇಸಾಯವನ್ನೇ ನಂಬಿತ್ತು. ಸಿರುಗುಪ್ಪ, ದೇಶನೂರುಗಳಲ್ಲಿ ಮಾತ್ರ ವಿಜಯನಗರ ಕಾಲದ ಕಾಲುವೆಗಳು ತುಂಗಭದ್ರೆಯ ನೀರನ್ನು ಗದ್ದೆಗಳಿಗೆ ಹರಿಸುತ್ತಿದ್ದವು. ಧಾತು ಮತ್ತು ಈಶ್ವರ ಸಂವತ್ಸರಗಳಲ್ಲಿ, ಅಂದರೆ 1876–78ರಲ್ಲಿ ಬಂದೆರಗಿದ ಕ್ಷಾಮಕ್ಕೆ ಮದ್ರಾಸ್ ಪ್ರಾಂತ್ಯದಲ್ಲಿ ಅತಿಯಾಗಿ ನಲುಗಿದ ಜಿಲ್ಲೆಗಳಲ್ಲಿ ಬಳ್ಳಾರಿಯೂ ಒಂದು. ಸರ್ಕಾರ ಪರಿಹಾರ ಕಾಮಗಾರಿಗಳನ್ನು ತೆರೆಯಿತಾದರೂ, 1877ರಲ್ಲಿ ರಿಚರ್ಡ್ ಟೆಂಪಲ್ ಕೂಲಿಯನ್ನು ದಿನಕ್ಕೆ ಒಂದು ಪೌಂಡ್ ಧಾನ್ಯ ಮತ್ತು ಅಲ್ಪ ಹಣಕ್ಕೆ ಇಳಿಸಿದನು. ಆ ಆಹಾರ ದುಡಿಯುವ ದೇಹಕ್ಕೆ ಸಾಲದೆಂದು ಪ್ರಾಂತ್ಯದ ಆರೋಗ್ಯಾಧಿಕಾರಿ ಕಾರ್ನಿಷ್ ಆಕ್ಷೇಪಿಸಿದನು. ಸಾವು, ವಲಸೆಗಳಿಂದ ಹಳ್ಳಿಗಳು ಬರಿದಾದವು. 1881ರ ಜನಗಣತಿಯಲ್ಲಿ ಜಿಲ್ಲೆಯ ಜನಸಂಖ್ಯೆ 1871ಕ್ಕಿಂತ ಬಹಳ ಕಡಿಮೆಯಾಗಿತ್ತು.

ತುಂಗಭದ್ರೆಗೆ ದೊಡ್ಡ ನೀರಾವರಿ ಯೋಜನೆಯನ್ನು ಆರ್ಥರ್ ಕಾಟನ್ 1860ರಲ್ಲಿಯೇ ಸೂಚಿಸಿದ್ದನು. ಕಾಮಗಾರಿ ಆರಂಭವಾದದ್ದು 1945ರಲ್ಲಿ, ನೀರು ಹರಿದದ್ದು 1953ರಲ್ಲಿ. ಬರದ ಗುಳೆಯನ್ನು ತಡೆಯಬೇಕಾದ ಈ ಜಲಾಶಯವೇ ಮೊದಲು ಸುಮಾರು 90 ಹಳ್ಳಿಗಳನ್ನು ಮುಳುಗಿಸಿ, ಐವತ್ತು ಸಾವಿರಕ್ಕೂ ಹೆಚ್ಚು ಜನರನ್ನು ಎಬ್ಬಿಸಿತು. ಅದೇ ವರ್ಷದ ಅಕ್ಟೋಬರ್ 1ರಂದು ಆದೋನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆಂಧ್ರಕ್ಕೂ, ಬಳ್ಳಾರಿ, ಸಿರುಗುಪ್ಪ ಸಹಿತ ಉಳಿದ ಭಾಗ ಮೈಸೂರಿಗೂ ಸೇರಿದವು. ಭಾಷೆಯ ಗಡಿ ಗೊತ್ತುಪಡಿಸಿದ ಕಾಲದಲ್ಲಿಯೇ ಗಡಿ ದಾಟುವ ಹೊಸ ಚಲನೆಗೆ ಕಾಲುವೆ ದಾರಿ ಮಾಡಿತು.

ಬರದ ನಾಡಿನ ಹೆಚ್ಚು ಹೊಲಗಳಿಗೆ ತೆಳುವಾಗಿ ನೀರು ಹಂಚಿ ಜೋಳ, ಹತ್ತಿಯಂಥ ಬೆಳೆಗಳನ್ನು ಕಾಯುವುದು ಯೋಜನೆಯ ಮೂಲ ಆಶಯವಾಗಿತ್ತು. ಆದರೆ ನೆಲವನ್ನು ಮಟ್ಟಮಾಡಿ ಗದ್ದೆ ಕಟ್ಟಲು ಸ್ಥಳೀಯ ಸಣ್ಣ ರೈತನ ಬಳಿ ಬಂಡವಾಳವಿರಲಿಲ್ಲ. ಕೃಷ್ಣಾ, ಗೋದಾವರಿ ಮುಖಜ ಪ್ರದೇಶಗಳಿಂದ ಬಂದವರಲ್ಲಿ ಹಣವೂ ಭತ್ತದ ಅನುಭವವೂ ಇದ್ದವು. ಅವರು ಭೂಮಿ ಕೊಂಡು ಕ್ಯಾಂಪುಗಳನ್ನು ಕಟ್ಟಿದರು. ಸಿರುಗುಪ್ಪ ಭತ್ತದ ಸೀಮೆಯಾಯಿತು. ಅಕ್ಕಿ ಗಿರಣಿಗಳು ಎದ್ದವು. ಕಾಲುವೆಯ ಮೇಲ್ಭಾಗದಲ್ಲಿ ಭತ್ತ ನೀರನ್ನು ಹೀರಿದಂತೆ ಕೊನೆಯಂಚಿನ ಹೊಲಗಳು ಒಣಗಿದವು. ಹೀಗೆ ಒಂದೇ ಕಾಲುವೆ ಒಂದೆಡೆ ಆಗಮನಕ್ಕೂ ಇನ್ನೊಂದೆಡೆ ನಿರ್ಗಮನಕ್ಕೂ ಕಾರಣವಾಯಿತು.

ಬಳ್ಳಾರಿ ನಗರದ ಕಥೆ ತುಸು ಬೇರೆ. ದಂಡಿನ ಊರಾಗಿ ಬೆಳೆದ ಅದು ಹತ್ತಿಯ ವ್ಯಾಪಾರಕ್ಕೂ, ಮುಂದೆ ಜೀನ್ಸ್ ಹೊಲಿಗೆಗೂ ಹೆಸರಾಯಿತು. ಸಂಡೂರಿನ ಅದಿರು ಮತ್ತು ತೋರಣಗಲ್ಲಿನ ಉಕ್ಕು ಕಾರ್ಖಾನೆ ಅನ್ಯರಾಜ್ಯಗಳ ಕಾರ್ಮಿಕರನ್ನು ಕರೆತಂದವು. 2011ರಲ್ಲಿ ಸುಪ್ರೀಂ ಕೋರ್ಟ್ ಗಣಿಗಾರಿಕೆಯನ್ನು ತಡೆದಾಗ ಆ ದುಡಿಮೆ ಎಷ್ಟು ಅಸ್ಥಿರವೆಂಬುದು ತಿಳಿದುಬಂತು.

ನೀತಿಯ ದೃಷ್ಟಿ ಈ ಚಲನೆಯ ಅರ್ಧವನ್ನಷ್ಟೇ ಕಂಡಿದೆ. 1979ರ ಅಂತರರಾಜ್ಯ ವಲಸೆ ಕಾರ್ಮಿಕರ ಕಾಯ್ದೆಯು ರಾಜ್ಯದ ಗಡಿ ದಾಟಿದವರನ್ನು ಮಾತ್ರ ಪರಿಗಣಿಸಿತು. ಕುರುಗೋಡಿನಿಂದ ಬೆಂಗಳೂರಿನ ಕಟ್ಟಡ ಕೆಲಸಕ್ಕೆ ಹೋದವನು ಎಷ್ಟೇ ದೂರ ನಡೆದರೂ ಅದರ ಲೆಕ್ಕದೊಳಗೆ ಬರಲಿಲ್ಲ. 2005ರ ಉದ್ಯೋಗ ಖಾತರಿ ಕಾಯ್ದೆ ಊರಿನಲ್ಲಿಯೇ ಕೆಲಸ ಕೊಡುವ ಭರವಸೆಯಿತ್ತರೂ, ವರ್ಷಕ್ಕೆ ನೂರು ದಿನಗಳ ಅದರ ಮಿತಿ ಬರದ ವರ್ಷಕ್ಕೆ ಚಿಕ್ಕದಾಗಿತ್ತು.

ಇಂದು ಹೂಳು ತುಂಬಿ ಜಲಾಶಯದ ಸಾಮರ್ಥ್ಯ 133 ಟಿಎಂಸಿಯಿಂದ ಸುಮಾರು 105ಕ್ಕೆ ಇಳಿದಿದೆ. 2024ರ ಆಗಸ್ಟ್‌ನಲ್ಲಿ ಅದರ 19ನೆಯ ಗೇಟು ಕೊಚ್ಚಿಹೋಯಿತು. ಎರಡನೆಯ ಬೆಳೆಗೆ ನೀರಿಲ್ಲದಾದರೆ ಭೂಮಾಲೀಕನಿಗೆ ನಷ್ಟ. ನಾಟಿ, ಕಳೆಗಳ ಕೂಲಿಯನ್ನೇ ನಂಬಿದವನಿಗೆ ಗುಳೆ. ನೀರು ಹಂಚುವ ತೀರ್ಮಾನಗಳಲ್ಲಿ ಎಕರೆಗಳ ಲೆಕ್ಕದ ಜೊತೆಗೆ ಆ ಕೂಲಿಯ ದಿನಗಳ ಲೆಕ್ಕವೂ ಸೇರುವವರೆಗೆ, ಗುಳೆ ಎಂಬ ಪದ ಈ ಸೀಮೆಯ ನಿತ್ಯದ ಮಾತಿನಲ್ಲಿ ಉಳಿಯುತ್ತದೆ.