ತೀರ್ಥವೂ ತುತ್ತೂ: ಶರಾವತಿ, ಅಘನಾಶಿನಿಯರ ದಡದ ಬದುಕು

ಭಟ್ಕಳ, ಹೊನ್ನಾವರ, ಕುಮಟಾ ಸೀಮೆಯ ಚರಿತ್ರೆಯನ್ನು ಅರಿಯಬಯಸುವವರು ಅಲ್ಲಿನ ಹೊಳೆಗಳಿಂದಲೇ ತೊಡಗಬೇಕಾಗುತ್ತದೆ. ಘಟ್ಟವಿಳಿದ ಸಿಹಿನೀರು ಕಡಲಿನ ಉಪ್ಪುನೀರನ್ನು ಕೂಡುವ ಅಳಿವೆಗಳ ಆಸರೆಯಲ್ಲಿಯೇ ಇಲ್ಲಿನ ಬಂದರುಗಳು ಬೆಳೆದವು. ವಿಜಯನಗರದ ಕಾಲದಲ್ಲಿ ಅರಬ್ಬೀ ಕುದುರೆಗಳು ಭಟ್ಕಳದಲ್ಲಿ ಇಳಿಯುತ್ತಿದ್ದವು; ಘಟ್ಟದ ಕಾಳುಮೆಣಸು ಶರಾವತಿಯ ದೋಣಿಗಳಲ್ಲಿ ಹೊನ್ನಾವರಕ್ಕೆ ಸಾಗುತ್ತಿತ್ತು.

ಈ ಜಲಮಾರ್ಗದ ಸಿರಿಯೇ ಗೇರುಸೊಪ್ಪೆಯ ಜೈನ ಅರಸುಮನೆತನಕ್ಕೆ ಬಲವಾಗಿತ್ತು. 16ನೆಯ ಶತಮಾನದಲ್ಲಿ ಆಳಿದ ರಾಣಿ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು ‘ಮೆಣಸಿನ ರಾಣಿ’ ಎಂದೇ ಕರೆದರು. 1623ರಲ್ಲಿ ಇಟಲಿಯ ಪ್ರವಾಸಿ ಪಿಯೆತ್ರೋ ದೆಲ್ಲಾ ವಲ್ಲೆ ಹೊನ್ನಾವರದಿಂದ ಹೊಳೆಯ ದಾರಿಯಲ್ಲಿ ಗೇರುಸೊಪ್ಪೆಗೆ ಬಂದಾಗ ನದಿಯ ಚೆಲುವಿಗೆ ಮನಸೋತನು. ಪಟ್ಟಣವಾದರೋ ಆಗಲೇ ಹಾಳುಬಿದ್ದಿತ್ತು. ನಾಲ್ಕು ದಿಕ್ಕಿಗೂ ಬಾಗಿಲು ತೆರೆದಿರುವ ಚತುರ್ಮುಖ ಬಸದಿ ಮಾತ್ರ ಇಂದಿಗೂ ಕಾಡಿನ ನಡುವೆ ನಿಂತಿದೆ.

‘ತೀರ್ಥ’ ಎಂಬ ಪದದ ಮೂಲಾರ್ಥ ಹೊಳೆ ದಾಟುವ ಕಡವು. ಸಂಸಾರವನ್ನು ದಾಟಲು ಅಂತಹ ಕಡವನ್ನು ನಿರ್ಮಿಸಿದವನೇ ತೀರ್ಥಂಕರ. ವೈದಿಕ ಪರಂಪರೆಯಲ್ಲಿ ಶರಾವತಿಯು ರಾಮನ ಬಾಣದಿಂದ ಅಂಬುತೀರ್ಥದಲ್ಲಿ ಉದಿಸಿದವಳು. ಅಘನಾಶಿನಿಯು ಹೆಸರೇ ಹೇಳುವಂತೆ ಪಾಪವನ್ನು ಕಳೆಯುವವಳು. ಮತಗಳು ಬೇರೆಯಾದರೂ ದಾಟಿಸುವ, ತೊಳೆಯುವ ಶಕ್ತಿಯನ್ನು ಅವು ನೀರಿನಲ್ಲಿಯೇ ಕಂಡವು.

ಆದರೆ ಈ ಭಕ್ತಿಯು ದುಡಿಮೆಯಿಂದ ಬೇರೆಯಾದುದಲ್ಲ. ಕುಮಟಾದ ಅಘನಾಶಿನಿ ಅಳಿವೆಯ ಗಜನಿ ಗದ್ದೆಗಳಲ್ಲಿ ಮಳೆಗಾಲಕ್ಕೆ ಉಪ್ಪನ್ನು ತಾಳುವ ‘ಕಗ್ಗ’ ಭತ್ತ ಬೆಳೆಯುತ್ತದೆ. ಕೊಯ್ಲಿನ ನಂತರ ಅದೇ ಗದ್ದೆಗೆ ಉಬ್ಬರದ ನೀರಿನೊಡನೆ ಸೀಗಡಿ, ಮೀನುಗಳು ಬರುತ್ತವೆ. ಇಳಿತದ ಹೊತ್ತಿನಲ್ಲಿ ಹೆಂಗಸರು ಗಂಡಸರೆನ್ನದೆ ಹೊಳೆಗಿಳಿದು ಬಳಚು ಆಯುತ್ತಾರೆ. ಸಿಹಿ ಉಪ್ಪುಗಳ ಹದವೇ ಇಲ್ಲಿಯ ಅನ್ನ.

ಆ ಹದ ಕೆಟ್ಟರೆ ಏನಾದೀತೆಂಬುದಕ್ಕೆ ನೆರೆಯ ಶರಾವತಿಯೇ ಸಾಕ್ಷಿ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ನಾಡಿಗೆ ಬೆಳಕನ್ನಿತ್ತಿತು, ನಿಜ, ಆದರೆ ವಿದ್ಯುದಾಗಾರಗಳಿಂದ ಬೇಸಗೆಯಲ್ಲಿಯೂ ಹರಿದುಬರುವ ಸಿಹಿನೀರು ಹೊನ್ನಾವರದ ಅಳಿವೆಯ ಉಪ್ಪನ್ನು ತಗ್ಗಿಸಿತು, ಚಿಪ್ಪುಜೀವಿಗಳು ಕ್ಷೀಣಿಸಿದವು. ದೊಡ್ಡ ಅಣೆಕಟ್ಟುಗಳಿಲ್ಲದೆ ಹರಿಯುವ ಅಘನಾಶಿನಿಯ ಅಳಿವೆಯು 2024ರಲ್ಲಿ ರಾಮ್ಸಾರ್ ತಾಣವೆಂಬ ಮನ್ನಣೆ ಪಡೆಯಿತು. ಒಂದೇ ಕರಾವಳಿಯ ಈ ಎರಡು ಹೊಳೆಗಳನ್ನು ಜೊತೆಯಿಟ್ಟು ನೋಡಿದರೆ ಒಂದು ಮಾತು ಸ್ಪಷ್ಟವಾಗುತ್ತದೆ: ಪೂಜೆ ನಿಲ್ಲದಿದ್ದರೂ ನಂಟು ಸಡಿಲಬಹುದು, ಹೊಳೆಯೊಳಗೆ ಇಳಿದು ದುಡಿಯುವ ಕೈಗಳಿರುವವರೆಗೆ ಅದು ಉಳಿದೀತು.