ಮಲ್ಪೆಯ ಕಲ್ಲಿಗೂ ಮಡಗಾಸ್ಕರ್‌ಗೂ ಏನು ಸಂಬಂಧ?

ಭಾಗ 4. ಸ್ವಲ್ಪ ಉದ್ದ ಇದೆ, ಪೂರ್ತಿ ಓದಿ.

ಮಲ್ಪೆಯಿಂದ ಬೋಟ್ ಹತ್ತಿ ಸೇಂಟ್ ಮೇರೀಸ್ ದ್ವೀಪಕ್ಕೆ ಹೋಗಿ ಫೋಟೋ ತೆಗೆಸ್ಕೊಂಡೋರು ನಮ್ಮಲ್ಲಿ ತುಂಬಾ ಜನ. ಹಿಂದೆ ಕಂಬ ಜೋಡಿಸಿಟ್ಟ ಹಾಗೆ ನಿಂತಿರೋ ಕಲ್ಲುಗಳನ್ನ ಯಾರೂ ಕೆತ್ತಿದ್ದಲ್ಲ. ಅದು ಸುಮಾರು 8.8 ಕೋಟಿ ವರ್ಷಗಳ ಹಿಂದೆ ಭೂಮಿಯೊಳಗಿಂದ ಉಕ್ಕಿದ ಲಾವಾ. ತಣ್ಣಗಾಗ್ತಾ ಕುಗ್ಗಿತು, ಕುಗ್ಗುವಾಗ ಬಿರುಕು ಬಿಡ್ತು. ಬೇಸಿಗೆಯಲ್ಲಿ ಕೆರೆ ಒಣಗಿದಾಗ ಕೆಸರು ಬಿರಿಯುತ್ತಲ್ಲ, ಹಾಗೇ. ಬಿರುಕು ಆಳಕ್ಕೆ ಇಳಿದು ಐದಾರು ಮೂಲೆಯ ಕಂಬಗಳಾದವು.

ಲಾವಾ ಉಕ್ಕಿದ್ದು ಯಾಕೆ? ಆಗ ಭಾರತ ಮತ್ತು ಮಡಗಾಸ್ಕರ್ ಒಂದೇ ನೆಲ. ಅದು ಎರಡಾಗಿ ಸೀಳ್ತಾ ಇದ್ದ ಕಾಲ ಅದು. ಇವತ್ತು ಮಡಗಾಸ್ಕರ್‌ನಲ್ಲೂ ಅದೇ ವಯಸ್ಸಿನ ಲಾವಾ ಇದೆ. ನಡುವೆ ಸಾವಿರಾರು ಕಿ.ಮೀ. ಸಮುದ್ರ!

ಖಂಡಗಳು ಸರಿಯುತ್ತವೆ ಅಂತ 1912ರಲ್ಲಿ ಜರ್ಮನಿಯ ಆಲ್‌ಫ್ರೆಡ್ ವೇಗನರ್ ವಾದಿಸಿದರು. ತುಂಬಾ ವಿಜ್ಞಾನಿಗಳು ಒಪ್ಪಲಿಲ್ಲ. ಅವರು ಹವಾಮಾನ ತಜ್ಞ, ಭೂವಿಜ್ಞಾನಿ ಅಲ್ಲ. ಜೊತೆಗೆ, ಇಷ್ಟು ದೊಡ್ಡ ನೆಲವನ್ನ ತಳ್ಳೋ ಶಕ್ತಿ ಯಾವುದು ಅನ್ನೋದಕ್ಕೆ ಅವರ ಹತ್ರ ಸರಿಯಾದ ಉತ್ತರ ಇರಲಿಲ್ಲ. 1930ರಲ್ಲಿ ಗ್ರೀನ್‌ಲ್ಯಾಂಡಿನ ಹಿಮದಲ್ಲಿ ತೀರಿಹೋದರು. 1950ರ ದಶಕದಲ್ಲಿ ಮೇರಿ ಥಾರ್ಪ್ ಅಟ್ಲಾಂಟಿಕ್ ಸಮುದ್ರದ ತಳದ ನಕ್ಷೆ ಬಿಡಿಸುವಾಗ ನಡುವೆ ಉದ್ದಕ್ಕೂ ಒಂದು ಸೀಳು ಕಂಡರು. 1960ರ ದಶಕ ಮುಗಿಯೋ ಹೊತ್ತಿಗೆ ಹೆಚ್ಚಿನವರು ಒಪ್ಪಿದ್ದರು. ಬಿಕಾಂ ಓದೋಳಿಗೆ ಇದೆಲ್ಲ ಯಾಕೆ ಅಂತ ನಗೋರು ವೇಗನರ್‌ನ ನೆನಪಿಟ್ಕೊಳ್ಳಿ!

ಈಗ ನಮ್ಮ ಲೆಕ್ಕ. ಭಾರತದ ಪ್ಲೇಟ್ ವರ್ಷಕ್ಕೆ ಸುಮಾರು 5 ಸೆಂ.ಮೀ. ಸರಿಯುತ್ತೆ. ಹೆಚ್ಚುಕಮ್ಮಿ ಉಗುರು ಬೆಳೆಯೋ ವೇಗ. ಅದೇ ವೇಗದಲ್ಲಿ 10 ಲಕ್ಷ ವರ್ಷಕ್ಕೆ 50 ಕಿ.ಮೀ. ಆಯ್ತು, 1 ಕೋಟಿಗೆ 500. ಹಿಂದೊಮ್ಮೆ ಇದಕ್ಕಿಂತ ತುಂಬಾ ಜೋರಾಗಿ ಉತ್ತರಕ್ಕೆ ಹೋಗಿ, ಸುಮಾರು 5 ಕೋಟಿ ವರ್ಷಗಳ ಹಿಂದೆ ಏಷ್ಯಾಕ್ಕೆ ಗುದ್ದಿತು. ನಡುವಿನ ಸಮುದ್ರದ ತಳ ಮಡಚಿ ಮೇಲೆದ್ದು ಹಿಮಾಲಯ ಆಯ್ತು. ಎವರೆಸ್ಟ್ ತುದಿಯಲ್ಲಿರೋದು ಸಮುದ್ರದಲ್ಲಿ ಹುಟ್ಟಿದ ಸುಣ್ಣಕಲ್ಲು!

ಆ ಗುದ್ದು ಇನ್ನೂ ನಿಂತಿಲ್ಲ. ಸರಿಯಲಾಗದೆ ಸಿಕ್ಕಿಕೊಂಡ ಕಡೆ, ಕಟ್ಟದೆ ಬಿಟ್ಟ ಬಡ್ಡಿ ಥರ ಒತ್ತಡ ಸೇರ್ತಾ ಹೋಗುತ್ತೆ. ಒಂದು ದಿನ ಅಷ್ಟೂ ಒಟ್ಟಿಗೇ ಬಿಟ್ಟುಕೊಳ್ಳುತ್ತೆ. 2015ರ ಏಪ್ರಿಲ್ 25ರಂದು ನೇಪಾಳದಲ್ಲಿ ಆಗಿದ್ದು ಅದೇ. ಸತ್ತವರು ಸುಮಾರು 9,000 ಜನ. ನಿಧಾನಕ್ಕೆ ಆಗೋದು ಅಂದ್ರೆ ಏನೂ ಆಗ್ತಿಲ್ಲ ಅಂತಲ್ಲ.

ಮುಂದಿನ ಸಲ ಆ ದ್ವೀಪಕ್ಕೆ ಹೋದ್ರೆ ಕಲ್ಲಿನ ಮೇಲೆ ಹೆಸರು ಗೀಚಬೇಡಿ, ಚೂರು ಒಡೆದು ಬ್ಯಾಗಿಗೆ ಹಾಕ್ಕೋಬೇಡಿ. ಎರಡು ನೆಲ ಒಂದಾಗಿತ್ತು ಅನ್ನೋದಕ್ಕೆ ನಮ್ಮ ಕಡೆ ಉಳಿದಿರೋ ದಾಖಲೆ ಅದು. ಬೇರೆ ಕಾಪಿ ಇಲ್ಲ.

#ಮಲ್ಪೆ #ಭೂಮಿಯಕಥೆ